ಸೇಲಂ ಹೆದ್ದಾರಿ: ಶೇ 5 ಮತ್ತು ಶೇ 7.5ರ ನಡುವಿನ ಅಂತರ

2018ರಲ್ಲಿ ಪ್ರಕಟವಾದ ಚೆನ್ನೈ–ಸೇಲಂ ಎಂಟು ಪಥದ ಹೆದ್ದಾರಿಯ ಉದ್ದ 277.3 ಕಿ.ಮೀ., ಅಂದಾಜು ವೆಚ್ಚ 10,000 ಕೋಟಿ ರೂಪಾಯಿ. ಕಿ.ಮೀ.ಗೆ 36 ಕೋಟಿ ಬಿತ್ತು. ಈ ಮಾರ್ಗದಲ್ಲಿ ಧರ್ಮಪುರಿ ಜಿಲ್ಲೆಯ ಪಾಲು ಸುಮಾರು 53 ಕಿ.ಮೀ., ಸೇಲಂ ಜಿಲ್ಲೆಯದು ಸುಮಾರು 36. ಎರಡೂ ಸೇರಿ ಶೇ 32. ರಸ್ತೆಯ ಜಾಗ 70 ಮೀಟರ್ ಅಗಲ ಎಂದು ಹಿಡಿದರೆ ಈ ಎರಡು ಜಿಲ್ಲೆಗಳಿಂದಲೇ 623 ಹೆಕ್ಟೇರ್, ಅಂದರೆ 1,540 ಎಕರೆ ಬೇಕು. ಅಷ್ಟು ಭೂಮಿಯ ಅಗತ್ಯವನ್ನು ತೀರ್ಮಾನಿಸುವುದು 20 ವರ್ಷದ ನಂತರದ ವಾಹನ ದಟ್ಟಣೆಯ ಮುನ್ನಂದಾಜು.

ಅಂದಾಜು ಶುರುವಾಗುವುದು ಎಣಿಕೆಯಿಂದ. ಭಾರತೀಯ ರಸ್ತೆ ಕಾಂಗ್ರೆಸ್ಸಿನ (ಐಆರ್‌ಸಿ) ಲೆಕ್ಕದಲ್ಲಿ ಎಲ್ಲ ವಾಹನಗಳನ್ನೂ ಕಾರಿಗೆ ಸಮೀಕರಿಸಿ ‘ಪಿಸಿಯು’ ಎಂಬ ಏಕಮಾನದಲ್ಲಿ ಬರೆಯುತ್ತಾರೆ. ಕಾರು 1, ಬೈಕು 0.5, ಬಸ್ಸು ಅಥವಾ ಲಾರಿ 3, ಎತ್ತಿನ ಗಾಡಿ 8. ಗಾತ್ರ ಹೆಚ್ಚಿ ವೇಗ ಕಡಿಮೆಯಾದಷ್ಟೂ ಅಂಕ ಹೆಚ್ಚು, ಏಕೆಂದರೆ ದೊಡ್ಡ, ನಿಧಾನದ ಗಾಡಿ ಹಿಂದಿನವರನ್ನು ತಡೆಯುತ್ತದೆ. 100 ಲಾರಿಯ ದಟ್ಟಣೆ 600 ಬೈಕಿಗೆ ಸಮ.

ಐಆರ್‌ಸಿ 9ರ ಪ್ರಕಾರ ಎಣಿಕೆ ವರ್ಷಕ್ಕೆ ಕನಿಷ್ಠ 2 ಬಾರಿ, ಪ್ರತಿ ಬಾರಿ ಸತತ 7 ದಿನ ನಡೆಯಬೇಕು: ಒಂದು ಕೊಯ್ಲು ಮತ್ತು ಮಾರಾಟದ ಹಂಗಾಮಿನಲ್ಲಿ, ಇನ್ನೊಂದು ಬಿಡುವಿನ ಕಾಲದಲ್ಲಿ. ಪಾಲಕ್ಕೋಡಿನಂಥ ಟೊಮೆಟೊ ಮಾರುಕಟ್ಟೆಯಿರುವ ಧರ್ಮಪುರಿಗೆ ಈ ನಿಯಮ ತೀರಾ ಮುಖ್ಯ. ಹಂಗಾಮಿನ ವಾರವೊಂದನ್ನೇ 52ರಿಂದ ಗುಣಿಸಿದರೆ ವರ್ಷದ ಲೆಕ್ಕ ತಪ್ಪುತ್ತದೆ.

ಇದಕ್ಕಿಂತ ದೊಡ್ಡ ತಪ್ಪಿಗೆ ಎಡೆಯಿರುವುದು ಬೆಳವಣಿಗೆ ದರದಲ್ಲಿ. ದಿನಕ್ಕೆ 20,000 ಪಿಸಿಯು ಇರುವ ರಸ್ತೆಯೊಂದನ್ನು ಊಹಿಸಿಕೊಳ್ಳಿ. ವರ್ಷಕ್ಕೆ ಶೇ 3ರಂತೆ ಬೆಳೆದರೆ 20 ವರ್ಷದಲ್ಲಿ ಅದು 36,100, ಶೇ 5ರಂತೆ 53,100, ಶೇ 7.5ರಂತೆ 85,000. ಎಣಿಕೆ ಒಂದೇ, ರಸ್ತೆಯೂ ಒಂದೇ. ದರ ಎರಡೂವರೆ ಪಟ್ಟು ವ್ಯತ್ಯಾಸವಾದಾಗ ಫಲಿತಾಂಶ 2.35 ಪಟ್ಟು ಬದಲಾಯಿತು.

ಜನಸಂಖ್ಯೆ ಇಷ್ಟು ವೇಗವಾಗಿ ಬೆಳೆಯುವುದಿಲ್ಲ. 2001ರಿಂದ 2011ಕ್ಕೆ ಸೇಲಂ ಜಿಲ್ಲೆ 30.16 ಲಕ್ಷದಿಂದ 34.82 ಲಕ್ಷಕ್ಕೆ, ಧರ್ಮಪುರಿ 12.95 ಲಕ್ಷದಿಂದ 15.07 ಲಕ್ಷಕ್ಕೆ ಏರಿದವು. ಎರಡರಲ್ಲೂ ವಾರ್ಷಿಕ ದರ ಶೇ 1.5ರ ಆಸುಪಾಸು. ಉಳಿದ ಏರಿಕೆಯನ್ನು ಆದಾಯ ಮತ್ತು ಸರಕು ಸಾಗಣೆಯಿಂದ ವಿವರಿಸಬೇಕು. ಆದಾಯ ಶೇ 1 ಏರಿದರೆ ವಾಹನ ಶೇ ಎಷ್ಟು ಏರುತ್ತದೆಂಬ ಸ್ಥಿತಿಸ್ಥಾಪಕತ್ವದ ಗುಣಾಂಕವನ್ನು ಇದಕ್ಕೆ ಬಳಸುತ್ತಾರೆ. ಈ ಗುಣಾಂಕ ಎಲ್ಲಿಂದ ಬಂತೆಂದು ಕೇಳುವ ಹಕ್ಕು ಜಮೀನು ಕೊಡುವವನಿಗಿದೆ.

ಹಣದ ಲೆಕ್ಕ ನೋಡೋಣ. 10,000 ಕೋಟಿಗೆ ಶೇ 8ರ ಬಡ್ಡಿ ಎಂದಿಟ್ಟುಕೊಂಡರೆ ವರ್ಷಕ್ಕೆ 800 ಕೋಟಿ, ಅಂದರೆ ಪ್ರತಿ ಕಿ.ಮೀ.ಗೆ ದಿನವೊಂದಕ್ಕೆ 79,000 ರೂಪಾಯಿ. ಪಿಸಿಯು ಒಂದಕ್ಕೆ ಕಿ.ಮೀ.ಗೆ 1.50 ರೂ. ಟೋಲ್ ಎಂದು ಹಿಡಿದರೆ ಬಡ್ಡಿಗಷ್ಟೇ ದಿನಕ್ಕೆ 52,700 ಪಿಸಿಯು ಬೇಕು. ಟೋಲ್ ಏರಿಕೆಯನ್ನು ಬದಿಗಿಟ್ಟರೆ, 20,000ದಿಂದ ಹೊರಟ ರಸ್ತೆ ಶೇ 7.5ರಲ್ಲಿ 13ರಿಂದ 14 ವರ್ಷಕ್ಕೆ ಅಲ್ಲಿಗೆ ಮುಟ್ಟುತ್ತದೆ. ಶೇ 5ರಲ್ಲಿ 20 ವರ್ಷ, ಶೇ 3ರಲ್ಲಿ 33 ವರ್ಷ ಹಿಡಿಯುತ್ತದೆ.

ಮುನ್ನಂದಾಜು ತಪ್ಪುವುದು ಅಪರೂಪವಲ್ಲ. ಸಂಶೋಧಕ ಬೆಂಟ್ ಫ್ಲೈಬಿಯರ್ಗ್ ಮತ್ತು ಸಂಗಡಿಗರು 2005ರಲ್ಲಿ 14 ದೇಶಗಳ 210 ಸಾರಿಗೆ ಯೋಜನೆಗಳನ್ನು ಪರಿಶೀಲಿಸಿದಾಗ, ರೈಲು ಯೋಜನೆಗಳಲ್ಲಿ ಪ್ರಯಾಣಿಕರ ಅಂದಾಜು ವಾಸ್ತವಕ್ಕಿಂತ ಸರಾಸರಿ ಶೇ 106 ಹೆಚ್ಚಿತ್ತು. ರಸ್ತೆಗಳಲ್ಲಿ ಸರಾಸರಿ ಅಂತರ ಸಣ್ಣದು. ಆದರೂ ಅರ್ಧದಷ್ಟು ರಸ್ತೆಗಳಲ್ಲಿ ಅಂದಾಜಿಗೂ ವಾಸ್ತವಕ್ಕೂ ಶೇ 20ಕ್ಕಿಂತ ಹೆಚ್ಚು ವ್ಯತ್ಯಾಸವಿತ್ತು.

ಮದ್ರಾಸ್ ಹೈಕೋರ್ಟ್ 2019ರ ಏಪ್ರಿಲ್ 8ರಂದು ಈ ಹೆದ್ದಾರಿಯ ಭೂಸ್ವಾಧೀನವನ್ನು ರದ್ದು ಮಾಡಿತು. ಸುಪ್ರೀಂ ಕೋರ್ಟ್ 2020ರ ಡಿಸೆಂಬರ್ 8ರಂದು ಸ್ವಾಧೀನದ ಪ್ರಾಥಮಿಕ ಅಧಿಸೂಚನೆಗಳನ್ನು ಎತ್ತಿಹಿಡಿಯಿತು. ತೀರ್ಪು ಏನೇ ಇರಲಿ, ಇನ್ನು ಮುಂದೆ ಯಾವುದೇ ಹೆದ್ದಾರಿಗೆ ಅಧಿಸೂಚನೆ ಹೊರಡಿಸುವ ಮೊದಲು ಎಣಿಕೆಯ ಹಾಳೆಗಳು, ಹಿಡಿದ ಬೆಳವಣಿಗೆ ದರ, ಮತ್ತು ಆ ದರ 2 ಶೇಕಡಾ ಅಂಶದಷ್ಟು ಇಳಿದರೆ ಬರುವ ಫಲಿತಾಂಶ, ಈ ಮೂರೂ ಗ್ರಾಮ ಪಂಚಾಯಿತಿಯಲ್ಲಿ ತಮಿಳಿನಲ್ಲಿ, ಗಡಿಯ ಈಚೆ ನಮ್ಮ ಕರ್ನಾಟಕದಲ್ಲಾದರೆ ಕನ್ನಡದಲ್ಲಿ, ಪ್ರಕಟವಾಗಬೇಕು.