ಜರ್ಮನ್ ಶೈಲಿಯ ಹಂದಿಮಾಂಸ-ತರಕಾರಿ ಸ್ಟ್ಯೂ: ಪಾತ್ರೆಯೊಳಗಿನ ವಿಜ್ಞಾನ ಮತ್ತು ಆರು ತಪ್ಪು ನಂಬಿಕೆಗಳು

ಹಂದಿಮಾಂಸದ ಮಾತು ಬಂದ ಕೂಡಲೇ ಕೆಲವು ಮಾತುಗಳು ಹಿಂದೆಯೇ ಬರುತ್ತವೆ. "ಅದನ್ನು ತಿಂದರೆ ಮಿದುಳಿಗೆ ಹುಳು ಹೋಗುತ್ತದೆ." "ಮಾಂಸ ಗುಲಾಬಿ ಬಣ್ಣ ಇದ್ದರೆ ಬೆಂದಿಲ್ಲ ಅಂತ ಅರ್ಥ." "ಬಿಸಿ ಅಡುಗೆಯನ್ನು ಫ್ರಿಜ್‌ಗೆ ಇಡಬಾರದು." ಇವುಗಳಲ್ಲಿ ಸ್ವಲ್ಪ ಸತ್ಯ ಇದೆ, ಬಹಳಷ್ಟು ತಪ್ಪಿದೆ. ಕೆಲವು ತಪ್ಪುಗಳಿಂದ ಅಡುಗೆ ಕೆಟ್ಟರೆ, ಇನ್ನು ಕೆಲವು ಆರೋಗ್ಯವನ್ನೇ ಕೆಡಿಸಬಲ್ಲವು. ಜರ್ಮನಿಯ ಮನೆಗಳಲ್ಲಿ ಚಳಿಗಾಲದಲ್ಲಿ ಮಾಡುವ ಒಂದು ಸ್ಟ್ಯೂವನ್ನು ಒಲೆಯ ಮೇಲಿಟ್ಟು, ಈ ನಂಬಿಕೆಗಳನ್ನು ಒಂದೊಂದಾಗಿ ಪರೀಕ್ಷಿಸೋಣ.

ಏನಿದು ಐನ್‌ಟಾಪ್ಫ್?

ಜರ್ಮನ್ ಭಾಷೆಯಲ್ಲಿ 'ಐನ್‌ಟಾಪ್ಫ್' ಎಂದರೆ 'ಒಂದು ಪಾತ್ರೆ'. ಮಾಂಸ, ಆಲೂಗಡ್ಡೆ, ಕ್ಯಾರೆಟ್, ಎಲೆಕೋಸು, ಬೀನ್ಸ್ ಅಥವಾ ಬೇಳೆಕಾಳು ಎಲ್ಲವನ್ನೂ ಒಂದೇ ಪಾತ್ರೆಯಲ್ಲಿ ಬೇಯಿಸಿ, ಅದನ್ನೇ ಪೂರ್ತಿ ಊಟವಾಗಿ ತಿನ್ನುವ ಅಡುಗೆ ಇದು. ಬವೇರಿಯಾದ ಕಾಡುಪ್ರದೇಶದ ಪಿಶೆಲ್‌ಸ್ಟೈನರ್ ಇದರ ಹೆಸರಾಂತ ರೂಪ. ಅದರಲ್ಲಿ ಹಂದಿಮಾಂಸದ ಜೊತೆ ದನದ ಮಾಂಸ, ಕುರಿಮಾಂಸ ಕೂಡ ಸೇರುವುದುಂಟು.

ಐನ್‌ಟಾಪ್ಫ್ ನಾಜಿಗಳ ಕಾಲದಲ್ಲಿ ಹುಟ್ಟಿದ ಅಡುಗೆ ಎಂದು ಕೆಲವರು ಹೇಳುವುದುಂಟು. ಅದಕ್ಕೆ ಕಾರಣವಿದೆ. 1933ರ ಅಕ್ಟೋಬರ್‌ನಿಂದ ನಾಜಿ ಸರಕಾರ ಚಳಿಗಾಲದ ತಿಂಗಳುಗಳಲ್ಲಿ ಒಂದು ಭಾನುವಾರವನ್ನು 'ಐನ್‌ಟಾಪ್ಫ್ ಭಾನುವಾರ' ಎಂದು ಗೊತ್ತುಮಾಡಿತು. ಆ ದಿನ ಎಲ್ಲರೂ ಅಗ್ಗದ ಒಂದೇ ಪಾತ್ರೆಯ ಅಡುಗೆ ತಿಂದು, ಉಳಿದ ಹಣವನ್ನು ಸರಕಾರದ ಚಳಿಗಾಲದ ನಿಧಿಗೆ ಕೊಡಬೇಕಿತ್ತು. ಆದರೆ ಅಡುಗೆ ಅದಕ್ಕಿಂತ ಎಷ್ಟೋ ಹಳೆಯದು. ಒಂದೇ ಒಲೆ, ಒಂದೇ ಪಾತ್ರೆ ಇದ್ದ ರೈತರ ಮನೆಗಳಲ್ಲಿ ಬೇರೆ ದಾರಿಯೇ ಇರಲಿಲ್ಲ. ಪ್ರಚಾರದಿಂದ ಹರಡಿದ್ದು ಹೆಸರು ಮಾತ್ರ.

ನಾಲ್ಕು ಜನರಿಗೆ ಏನು ಬೇಕು?

ಹಂದಿಯ ಭುಜದ ಅಥವಾ ಕುತ್ತಿಗೆಯ ಮಾಂಸ 700 ಗ್ರಾಂ, ಈರುಳ್ಳಿ 2, ಆಲೂಗಡ್ಡೆ 500 ಗ್ರಾಂ, ಕ್ಯಾರೆಟ್ 3, ಎಲೆಕೋಸು ಕಾಲು ಗಡ್ಡೆ, ಸಿಕ್ಕಿದರೆ ಒಂದು ಲೀಕ್ ಮತ್ತು ಒಂದು ತುಂಡು ಸೆಲರಿ ಗಡ್ಡೆ. ಕ್ಯಾರೆಟ್, ಲೀಕ್, ಸೆಲರಿ ಗಡ್ಡೆಗಳನ್ನು ಜರ್ಮನಿಯ ಅಂಗಡಿಗಳಲ್ಲಿ 'ಸುಪ್ಪೆನ್‌ಗ್ರ್ಯುನ್' ಎಂಬ ಹೆಸರಿನಲ್ಲಿ ಒಂದೇ ಕಟ್ಟಾಗಿ ಮಾರುತ್ತಾರೆ. ಮಸಾಲೆ ತೀರಾ ಕಡಿಮೆ: ಬೇ ಎಲೆ 2, ಕ್ಯಾರವೇ ಬೀಜ ಅರ್ಧ ಚಮಚ, ಕಾಳುಮೆಣಸು, ಉಪ್ಪು, ಒಣಗಿದ ಮಾರ್ಜೊರಮ್ ಒಂದು ಚಮಚ. ಕ್ಯಾರವೇ ನೋಡಲು ಜೀರಿಗೆಯಂತೆ ಇದ್ದರೂ ಜೀರಿಗೆಯಲ್ಲ, ಪರಿಮಳವೇ ಬೇರೆ. ಮಾರ್ಜೊರಮ್ ಮಾತ್ರ ನಮಗೆ ಗುರುತಿನದೇ. ಹೂವಿನ ಮಾಲೆಗೆ ಕಟ್ಟುವ ಮರುಗ ಇದೇ ಗಿಡ. ಹಾಗೆಂದು ಹೂವಿನಂಗಡಿಯ ಮರುಗವನ್ನು ಅಡುಗೆಗೆ ಹಾಕಬೇಡಿ. ತಿನ್ನಲೆಂದು ಬೆಳೆಯದ ಗಿಡಕ್ಕೆ ಏನು ಸಿಂಪಡಿಸಿರುತ್ತಾರೋ ಹೇಳಲಾಗದು.

ನಂಬಿಕೆ 1: ಮಾಂಸವನ್ನು ಮೊದಲು ಹುರಿದರೆ ರಸ ಒಳಗೇ ಉಳಿಯುತ್ತದೆ

ತಪ್ಪು. ಈ ನಂಬಿಕೆಯ ಬೇರು ಜರ್ಮನಿಯಲ್ಲೇ ಇದೆ. ರಸಾಯನ ವಿಜ್ಞಾನಿ ಯುಸ್ಟುಸ್ ಫಾನ್ ಲೀಬಿಗ್ 1847ರಲ್ಲಿ ಮಾಂಸದ ಬಗ್ಗೆ ಬರೆದ ಪುಸ್ತಕದಲ್ಲಿ, ಹೆಚ್ಚು ಶಾಖ ತಗುಲಿದಾಗ ಮಾಂಸದ ಹೊರಗೆ ರಸ ತಡೆಯುವ ಪದರ ಉಂಟಾಗುತ್ತದೆ ಎಂಬ ವಿಚಾರ ಮಂಡಿಸಿದರು. ದೊಡ್ಡ ಹೆಸರಿನ ವಿಜ್ಞಾನಿ ಹೇಳಿದ್ದರಿಂದ ಅಡುಗೆ ಪುಸ್ತಕಗಳು ಅದನ್ನು ಹಾಗೆಯೇ ಒಪ್ಪಿಕೊಂಡವು. 1930ರ ದಶಕದಲ್ಲಿ ಮಾಂಸವನ್ನು ತೂಗಿ ನೋಡಿದ ಪ್ರಯೋಗಗಳು ಇದನ್ನು ತಳ್ಳಿಹಾಕಿದವು.

ಪ್ರಯೋಗಾಲಯವೂ ಬೇಕಿಲ್ಲ. ಹುರಿದ ತುಂಡು ಬಾಣಲೆಯಲ್ಲಿ ಚುರ್ ಎನ್ನುತ್ತಲೇ ಇರುತ್ತದಲ್ಲ, ಅದು ಮಾಂಸದಿಂದ ಹೊರಬಂದ ನೀರು ಆವಿಯಾಗುವ ಸದ್ದು. ನಿಜವಾಗಿ ಪದರ ಮುಚ್ಚಿಕೊಂಡಿದ್ದರೆ ಸದ್ದು ನಿಲ್ಲಬೇಕಿತ್ತು.

ಹಾಗಾದರೆ ಹುರಿಯುವುದು ವ್ಯರ್ಥವೇ? ಅಲ್ಲ. ಮಾಂಸದ ಮೇಲ್ಮೈ ಸುಮಾರು 140 ಡಿಗ್ರಿ ಸೆಲ್ಸಿಯಸ್ ದಾಟಿದಾಗ ಅಮೈನೋ ಆಮ್ಲಗಳೂ ಸಕ್ಕರೆಗಳೂ ಸೇರಿ ಕಂದು ಬಣ್ಣವನ್ನೂ ನೂರಾರು ಪರಿಮಳದ ವಸ್ತುಗಳನ್ನೂ ಕೊಡುತ್ತವೆ. 1912ರಲ್ಲಿ ಇದನ್ನು ವಿವರಿಸಿದ ಫ್ರೆಂಚ್ ವಿಜ್ಞಾನಿಯ ಹೆಸರಿನಿಂದ ಇದಕ್ಕೆ ಮೈಲಾರ್ಡ್ ಕ್ರಿಯೆ ಎನ್ನುತ್ತಾರೆ. ನೀರಿರುವ ಪಾತ್ರೆಯ ಬಿಸಿ 100 ಡಿಗ್ರಿಯ ಆಸುಪಾಸಿನಲ್ಲೇ ನಿಲ್ಲುವುದರಿಂದ, ಈ ರುಚಿ ಬೇಕಿದ್ದರೆ ನೀರು ಹಾಕುವ ಮೊದಲೇ ಹುರಿಯಬೇಕು. ಮಾಂಸವನ್ನು ಎರಡು ಅಂಗುಲದ ತುಂಡು ಮಾಡಿ, ಬಟ್ಟೆ ಅಥವಾ ಕಾಗದದಿಂದ ಒತ್ತಿ ತೇವ ತೆಗೆದು, ಗಟ್ಟಿ ತಳದ ಪಾತ್ರೆಯಲ್ಲಿ ಸ್ವಲ್ಪಸ್ವಲ್ಪವೇ ಹುರಿಯಿರಿ. ಒಟ್ಟಿಗೆ ತುಂಬಿದರೆ ನೀರು ಬಿಟ್ಟುಕೊಂಡು ಹುರಿಯುವ ಬದಲು ಬೇಯುತ್ತದೆ. ನಂತರ ಈರುಳ್ಳಿ ಹಾಕಿ ಬಾಡಿಸಿ, ಒಂದು ಲೀಟರ್ ನೀರು ಹಾಕಿ, ತಳಕ್ಕೆ ಅಂಟಿದ ಕಂದು ಪದರವನ್ನು ಕೆರೆದು ಸೇರಿಸಿ.

ನಂಬಿಕೆ 2: ಜೋರಾಗಿ ಕುದಿಸಿದಷ್ಟೂ ಮಾಂಸ ಮೃದು

ಇದೂ ತಪ್ಪು. ಭುಜದ ಮಾಂಸ ಗಟ್ಟಿ ಇರಲು ಕಾರಣ ಅದರಲ್ಲಿರುವ ಕೊಲಾಜೆನ್ ಎಂಬ ಪ್ರೋಟೀನಿನ ನಾರು. ಇದು ಸುಮಾರು 70 ಡಿಗ್ರಿ ಮೇಲೆ ನಿಧಾನವಾಗಿ ಕರಗಿ ಜೆಲಟಿನ್ ಆಗುತ್ತದೆ. ಇದಕ್ಕೆ ಬೇಕಾದದ್ದು ಸಮಯ. ಜೋರು ಉರಿಯಿಟ್ಟರೆ ಮಾಂಸಖಂಡದ ಎಳೆಗಳು ಹೆಚ್ಚು ಬಿಗಿದು ನೀರು ಹಿಂಡಿಹೋಗುತ್ತದೆ, ತುಂಡು ಹೊರಗೆ ಚೂರಾಗುತ್ತಾ ಒಳಗೆ ಒಣಗುತ್ತದೆ. ಒಮ್ಮೆ ಕುದಿ ಬಂದ ಮೇಲೆ ಉರಿ ತಗ್ಗಿಸಿ, ಅಲ್ಲೊಂದು ಇಲ್ಲೊಂದು ಗುಳ್ಳೆ ಏಳುವಂತೆ, ಮುಚ್ಚಳ ಓರೆಯಾಗಿಟ್ಟು ಒಂದೂವರೆ ಗಂಟೆ ಬೇಯಿಸಿ. ಕೊಬ್ಬಿಲ್ಲದ ಸೊಂಟದ ಮಾಂಸ ದುಬಾರಿಯಾದರೂ ಸ್ಟ್ಯೂಗೆ ಹೊಂದುವುದಿಲ್ಲ. ಕರಗಲು ಅದರಲ್ಲಿ ಕೊಲಾಜೆನ್ನೇ ಕಡಿಮೆ.

ನಂಬಿಕೆ 3: ತರಕಾರಿ ಯಾವಾಗ ಹಾಕಿದರೂ ಒಂದೇ

ಕೊನೆಯ ಅರ್ಧ ಗಂಟೆಗೆ ಆಲೂಗಡ್ಡೆ, ಕ್ಯಾರೆಟ್, ಸೆಲರಿ ಗಡ್ಡೆ. ಕೊನೆಯ ಕಾಲು ಗಂಟೆಗೆ ಎಲೆಕೋಸು, ಲೀಕ್. ಜರ್ಮನ್ನರು ಕೆಲವೊಮ್ಮೆ ಹುಳಿ ಬರಿಸಿದ ಎಲೆಕೋಸು ಅಥವಾ ವಿನೆಗರ್ ಸೇರಿಸುತ್ತಾರೆ. ಅದು ಆಲೂಗಡ್ಡೆ ಬೆಂದ ನಂತರವೇ ಬೀಳಬೇಕು. ತರಕಾರಿಯ ಜೀವಕೋಶಗಳನ್ನು ಹಿಡಿದಿಡುವ ಪೆಕ್ಟಿನ್ ಹುಳಿಯಲ್ಲಿ ಸುಲಭಕ್ಕೆ ಕರಗುವುದಿಲ್ಲ. ಹುಳಿ ಮೊದಲೇ ಹಾಕಿದರೆ ಗಂಟೆಗಟ್ಟಲೆ ಬೇಯಿಸಿದರೂ ಆಲೂಗಡ್ಡೆ ಗಟ್ಟಿಯಾಗೇ ಉಳಿಯುತ್ತದೆ. ಸಾಂಬಾರಿಗೆ ತರಕಾರಿ ಬೆಂದ ಮೇಲೆ ಹುಣಸೆರಸ ಬಿಡುವುದರ ಹಿಂದಿನ ಲೆಕ್ಕವೂ ಇದೇ.

ಬೀನ್ಸ್ ಹಾಕುವುದಾದರೆ ಒಂದು ಎಚ್ಚರಿಕೆ. ಹುರುಳಿಕಾಯಿ ಮತ್ತು ರಾಜ್ಮಾ ಎರಡೂ ಒಂದೇ ಜಾತಿಯ ಗಿಡದವು. ಹಸಿಯಾಗಿದ್ದಾಗ ಅವುಗಳಲ್ಲಿ ವಾಂತಿ, ಭೇದಿ ತರಬಲ್ಲ ಲೆಕ್ಟಿನ್ ಎಂಬ ಪ್ರೋಟೀನ್ ಇರುತ್ತದೆ. ರಾಜ್ಮಾದಲ್ಲಿ ಇದು ಹೆಚ್ಚು. ಕುದಿಯುವ ನೀರಿನಲ್ಲಿ ಕನಿಷ್ಠ 10 ನಿಮಿಷ ಬೆಂದರೆ ಅದು ನಾಶವಾಗುತ್ತದೆ. ಕುದಿ ಬಾರದ ಸ್ಲೋ ಕುಕ್ಕರಿನಲ್ಲಿ ನೆನೆಸಿದ ರಾಜ್ಮಾವನ್ನು ನೇರವಾಗಿ ಹಾಕುವುದು ಅಪಾಯ. ಪ್ರೆಷರ್ ಕುಕ್ಕರಿನಲ್ಲಿ ಆ ಚಿಂತೆಯಿಲ್ಲ.

ನಂಬಿಕೆ 4: ಗುಲಾಬಿ ಬಣ್ಣ ಇದ್ದರೆ ಬೆಂದಿಲ್ಲ

ಬಣ್ಣವನ್ನು ನಂಬುವಂತಿಲ್ಲ. ಜರ್ಮನಿಯ 'ಕಾಸ್ಲರ್' ಎಂಬ ಉಪ್ಪು ಹಾಕಿ ಹದಮಾಡಿದ ಹಂದಿಮಾಂಸ ಎಷ್ಟು ಬೇಯಿಸಿದರೂ ಗುಲಾಬಿಯಾಗೇ ಇರುತ್ತದೆ. ಹದಮಾಡುವಾಗ ಹಾಕುವ ನೈಟ್ರೈಟ್ ಮಾಂಸದ ಕೆಂಪು ಬಣ್ಣವನ್ನು ಹಿಡಿದಿಡುವುದೇ ಕಾರಣ. ಇನ್ನೊಂದೆಡೆ, ಕೆಲವು ಮಾಂಸ ಪೂರ್ತಿ ಬೇಯುವ ಮೊದಲೇ ಕಂದಾಗಿ ಬಿಡುತ್ತದೆ. ಖಚಿತ ಅಳತೆ ಎಂದರೆ ತಾಪಮಾನ. ತುಂಡಿನ ನಡುಭಾಗ 70 ಡಿಗ್ರಿ ದಾಟಿರಬೇಕು. ಒಂದೂವರೆ ಗಂಟೆ ಬೆಂದ ಸ್ಟ್ಯೂ ಈ ಮಿತಿಯನ್ನು ಆರಾಮವಾಗಿ ದಾಟಿರುತ್ತದೆ.

ಜರ್ಮನಿ ಈ ಪಾಠವನ್ನು ಕಷ್ಟಪಟ್ಟು ಕಲಿತಿತು. 1860ರಲ್ಲಿ ಡ್ರೆಸ್ಡೆನ್‌ನ ವೈದ್ಯ ಫ್ರೀಡ್ರಿಶ್ ಝೆಂಕರ್, ಸತ್ತ ಯುವತಿಯೊಬ್ಬಳ ಸ್ನಾಯುಗಳಲ್ಲಿ ಟ್ರಿಕಿನೆಲ್ಲಾ ಹುಳುಗಳನ್ನು ಕಂಡು, ಹಂದಿಮಾಂಸದಿಂದ ಬರುವ ಈ ಹುಳು ಜೀವ ತೆಗೆಯಬಲ್ಲದು ಎಂದು ತೋರಿಸಿದರು. 1865ರಲ್ಲಿ ಹೆಡರ್ಸ್‌ಲೆಬೆನ್ ಎಂಬ ಊರಿನಲ್ಲಿ 300ಕ್ಕೂ ಹೆಚ್ಚು ಜನ ಕಾಯಿಲೆ ಬಿದ್ದು, ಸುಮಾರು 100 ಜನ ಸತ್ತರು. ಆ ನಂತರ ರುಡಾಲ್ಫ್ ವಿರ್ಶೋ ಮುಂತಾದವರ ಒತ್ತಾಯದಿಂದ ಸೂಕ್ಷ್ಮದರ್ಶಕದಲ್ಲಿ ಮಾಂಸ ಪರೀಕ್ಷೆ ಹರಡಿತು. 1900ರಲ್ಲಿ ಇಡೀ ದೇಶಕ್ಕೆ ಮಾಂಸ ತಪಾಸಣೆ ಕಾಯ್ದೆ ಬಂತು. ಜರ್ಮನ್ನರು ಇಂದಿಗೂ ಹಸಿ ಹಂದಿಮಾಂಸದ ಕೊಚ್ಚನ್ನು ಬ್ರೆಡ್ಡಿಗೆ ಹಚ್ಚಿ ತಿನ್ನುವ ಧೈರ್ಯ ಮಾಡುವುದು ಆ ತಪಾಸಣೆಯನ್ನು ನಂಬಿ. ಅಂಥ ತಪಾಸಣೆ ಆಗಿದೆಯೋ ಇಲ್ಲವೋ ತಿಳಿಯದ ಮಾಂಸಕ್ಕೆ ಪೂರ್ತಿ ಬೇಯಿಸುವುದೊಂದೇ ದಾರಿ.

ನಂಬಿಕೆ 5: ಹಂದಿಮಾಂಸ ತಿಂದರೆ ಮಿದುಳಿಗೆ ಹುಳು ಹೋಗುತ್ತದೆ

ಅತ್ಯಂತ ಮುಖ್ಯವಾದದ್ದು ಇದು. ಹಂದಿಯ ಲಾಡಿಹುಳುವಿನ ಬದುಕಿನಲ್ಲಿ ಎರಡು ಬೇರೆಬೇರೆ ಹಂತಗಳಿವೆ. ಹಂದಿಯ ಮಾಂಸದಲ್ಲಿರುವುದು ಅದರ ಮರಿಯ ಚೀಲ. ಸರಿಯಾಗಿ ಬೇಯದ ಮಾಂಸದ ಜೊತೆ ಈ ಚೀಲ ಹೊಟ್ಟೆಗೆ ಹೋದರೆ, ಕರುಳಿನಲ್ಲಿ ಲಾಡಿಹುಳು ಬೆಳೆಯುತ್ತದೆ. ಅದು ಕರುಳಿನಲ್ಲೇ ಇರುತ್ತದೆ, ಮಿದುಳಿಗೆ ಹೋಗುವುದಿಲ್ಲ.

ಆದರೆ ಹಾಗೆ ಲಾಡಿಹುಳು ಇರುವ ವ್ಯಕ್ತಿಯ ಮಲದಲ್ಲಿ ಸಾವಿರಾರು ಮೊಟ್ಟೆಗಳು ಹೊರಬೀಳುತ್ತವೆ. ಶೌಚದ ನಂತರ ಕೈ ತೊಳೆಯದೆ ಅಡುಗೆ ಮಾಡಿದರೆ, ಅಥವಾ ಮಲ ಸೇರಿದ ನೀರಿನಲ್ಲಿ ಬೆಳೆದ ಸೊಪ್ಪು-ತರಕಾರಿಯನ್ನು ಚೆನ್ನಾಗಿ ತೊಳೆಯದೆ ಹಸಿಯಾಗಿ ತಿಂದರೆ, ಆ ಮೊಟ್ಟೆಗಳು ಇನ್ನೊಬ್ಬರ ಹೊಟ್ಟೆ ಸೇರುತ್ತವೆ. ಮೊಟ್ಟೆಯಿಂದ ಬಂದ ಮರಿಗಳೇ ರಕ್ತದ ಮೂಲಕ ಮಿದುಳಿಗೆ ಹೋಗಿ ಗಂಟುಕಟ್ಟುವುದು. ಇದೇ ನ್ಯೂರೋಸಿಸ್ಟಿಸರ್ಕೋಸಿಸ್. ಭಾರತದಲ್ಲಿ ಮೂರ್ಛೆ ರೋಗಕ್ಕೆ ಇರುವ ಪ್ರಮುಖ ಕಾರಣಗಳಲ್ಲಿ ಇದೂ ಒಂದು.

ಹಾಗಾಗಿ ಜೀವನದಲ್ಲಿ ಮಾಂಸ ಮುಟ್ಟದವರಿಗೂ ಈ ಕಾಯಿಲೆ ಬರಬಹುದು, ಬರುತ್ತಲೂ ಇದೆ. "ನಾವು ಸಸ್ಯಾಹಾರಿಗಳು, ನಮಗೆ ಇದು ಬರಲ್ಲ" ಎಂದುಕೊಂಡು ಮೊದಲ ಬಾರಿ ಬಂದ ಫಿಟ್ಸ್ ಅನ್ನು ಕಡೆಗಣಿಸಿದರೆ ಚಿಕಿತ್ಸೆ ತಡವಾಗುತ್ತದೆ. ಹಂದಿಮಾಂಸ ತಿನ್ನುವವರನ್ನು ದೂರಿದರೆ ಪ್ರಯೋಜನವೂ ಇಲ್ಲ. ಚೆನ್ನಾಗಿ ಬೆಂದ ಮಾಂಸದಲ್ಲಿ ಹುಳು ಬದುಕಿರುವುದಿಲ್ಲ. ಕಾಯಿಲೆಯನ್ನು ತಡೆಯುವುದು ಶೌಚಾಲಯ, ಸೋಪು ಹಚ್ಚಿ ಕೈತೊಳೆಯುವುದು, ಹಸಿ ತರಕಾರಿಯನ್ನು ಶುದ್ಧ ನೀರಿನಲ್ಲಿ ತೊಳೆಯುವುದು ಮತ್ತು ಲಾಡಿಹುಳು ಇರುವವರಿಗೆ ಔಷಧ ಕೊಡಿಸುವುದು.

ನಂಬಿಕೆ 6: ಬಿಸಿ ಅಡುಗೆ ಪೂರ್ತಿ ಆರಿದ ಮೇಲೆಯೇ ಫ್ರಿಜ್‌ಗೆ ಇಡಬೇಕು

ಐನ್‌ಟಾಪ್ಫ್ ಮಾರನೆಯ ದಿನ ಇನ್ನೂ ರುಚಿ ಎಂದು ಜರ್ಮನ್ನರು ಹೇಳುತ್ತಾರೆ. ಅದು ನಿಜ. ರುಚಿಯೆಲ್ಲ ತರಕಾರಿಗೆ ಇಳಿದಿರುತ್ತದೆ, ಜೆಲಟಿನ್‌ನಿಂದ ಸಾರು ಮಂದವಾಗಿರುತ್ತದೆ. ಆದರೆ ದೊಡ್ಡ ಪಾತ್ರೆಯನ್ನು ರಾತ್ರಿಯಿಡೀ ಒಲೆಯ ಮೇಲೆಯೇ ಬಿಡುವುದು ಅಪಾಯ. ಕ್ಲಾಸ್ಟ್ರಿಡಿಯಂ ಪರ್ಫ್ರಿಂಜೆನ್ಸ್ ಎಂಬ ಬ್ಯಾಕ್ಟೀರಿಯಾದ ಬೀಜಕಗಳು ಕುದಿಸಿದರೂ ಸಾಯುವುದಿಲ್ಲ. ಸಾರು ನಿಧಾನವಾಗಿ ಆರುವಾಗ ಅವು ಮೊಳೆತು ವೇಗವಾಗಿ ಹೆಚ್ಚುತ್ತವೆ. ಮಾಂಸದ ದೊಡ್ಡ ಅಡುಗೆಗಳಿಂದಾಗುವ ಹೊಟ್ಟೆನೋವು-ಭೇದಿಗೆ ಇದು ಸಾಮಾನ್ಯ ಕಾರಣ.

ಊಟವಾದ ಕೂಡಲೇ ಉಳಿದ ಸ್ಟ್ಯೂವನ್ನು ಅಗಲವಾದ ಸಣ್ಣ ಪಾತ್ರೆಗಳಿಗೆ ಹಂಚಿ, ತಣ್ಣೀರಿನ ತಟ್ಟೆಯಲ್ಲಿಟ್ಟು ಆರಿಸಿ. ಎರಡು ಗಂಟೆಯೊಳಗೆ ಫ್ರಿಜ್ ಸೇರಲಿ. ಸ್ವಲ್ಪ ಬೆಚ್ಚಗಿದ್ದರೂ ಇಂದಿನ ಫ್ರಿಜ್‌ಗೆ ತೊಂದರೆಯಿಲ್ಲ. ತಿನ್ನುವಾಗ ಬೇಕಾದಷ್ಟನ್ನು ಮಾತ್ರ ತೆಗೆದು, ಚೆನ್ನಾಗಿ ಕುದಿ ಬರುವವರೆಗೆ ಬಿಸಿ ಮಾಡಿ. ಎರಡು ಮೂರು ದಿನದಲ್ಲಿ ಮುಗಿಸಿ.

ಕೊನೆಗೆ ಬಡಿಸುವ ಮಾತು

ಕುದಿಸಿದರೆ ಸತ್ವವೆಲ್ಲ ಹೋಗುತ್ತದೆ ಎಂಬ ಚಿಂತೆಯೂ ಇಲ್ಲಿ ಅಷ್ಟು ಬೇಡ. ಸಿ ವಿಟಮಿನ್‌ನ ಒಂದಷ್ಟು ಭಾಗ ಶಾಖಕ್ಕೆ ನಾಶವಾಗುವುದು ನಿಜ. ಆದರೆ ನೀರಿಗಿಳಿದ ಖನಿಜಗಳು, ಬಿ ವಿಟಮಿನ್‌ಗಳು ಸಾರಿನಲ್ಲೇ ಉಳಿಯುತ್ತವೆ, ಆ ಸಾರನ್ನು ನಾವು ಚೆಲ್ಲುವುದಿಲ್ಲವಲ್ಲ. ಒಲೆ ಆರಿಸುವ ಐದು ನಿಮಿಷ ಮೊದಲು ಮಾರ್ಜೊರಮ್ ಉದುರಿಸಿ, ಉಪ್ಪು ನೋಡಿ, ಬೇಕಿದ್ದರೆ ಒಂದು ಚಮಚ ವಿನೆಗರ್ ಬಿಡಿ. ರೈ ಬ್ರೆಡ್ ಮತ್ತು ಸಾಸಿವೆ ಪೇಸ್ಟ್ ಜೊತೆ ಬಡಿಸುವುದು ಅಲ್ಲಿನ ಪದ್ಧತಿ. ಅಡುಗೆಗೆ ಮುಂಚೆಯೂ ಊಟಕ್ಕೆ ಮುಂಚೆಯೂ ಸೋಪು ಹಚ್ಚಿ ಕೈ ತೊಳೆಯುವುದು ಎಲ್ಲ ಊರಿನ ಪದ್ಧತಿಯಾಗಲಿ.