ಹದಿನಾಲ್ಕರಿಂದ ಹದಿನೆಂಟು: ಮಗಳು ಹೈಸ್ಕೂಲಿನಲ್ಲೇ ಇರಲಿ

ಸೋದರಿಯರೇ, ಏಳನೇ ತರಗತಿ ಮುಗಿಸಿದ ಮಗಳನ್ನು ಹೈಸ್ಕೂಲಿಗೆ ಸೇರಿಸುವುದು ಈಗ ದೊಡ್ಡ ಸಾಹಸವೇನಲ್ಲ. ಸರಕಾರಿ ಶಾಲೆಯಲ್ಲಿ ಪುಸ್ತಕ, ಸಮವಸ್ತ್ರ ಅವರೇ ಕೊಡುತ್ತಾರೆ, ಮಧ್ಯಾಹ್ನದ ಊಟವೂ ಅಲ್ಲೇ. ಕಷ್ಟ ಇರುವುದು ಸೇರಿಸುವುದರಲ್ಲಿ ಅಲ್ಲ, ಉಳಿಸುವುದರಲ್ಲಿ. ಎಂಟನೇ ತರಗತಿಗೆ ಸೇರಿದ ಹುಡುಗಿಯರಲ್ಲಿ ಕೆಲವರು ಒಂಬತ್ತರ ಹೊತ್ತಿಗೆ ಕಾಣುವುದಿಲ್ಲ. ಹತ್ತರ ಪರೀಕ್ಷೆಯ ಹೊತ್ತಿಗೆ ಇನ್ನೂ ಕೆಲವರು ಇಲ್ಲ. ಎಲ್ಲಿಗೆ ಹೋದರು ಅಂತೀರಾ? ಎಲ್ಲಿಗೂ ಹೋಗಿಲ್ಲ, ಮನೆಯಲ್ಲೇ ಇದ್ದಾರೆ.

ನಮ್ಮ ಬಳ್ಳಾರಿಯ ಕೌಲ್ ಬಜಾರನ್ನೇ ನೋಡಿ. ಬ್ರಿಟಿಷರ ದಂಡು ಇದ್ದ ಕಾಲದಲ್ಲಿ ಬೆಳೆದ ಪೇಟೆ ಇದು. 1800ರಲ್ಲಿ ನಿಜಾಮರು ಈ ಸೀಮೆಯನ್ನು ಕಂಪನಿಯವರಿಗೆ ಬಿಟ್ಟುಕೊಟ್ಟ ಮೇಲೆ ಬಳ್ಳಾರಿ ದೊಡ್ಡ ದಂಡಿನ ಊರಾಯಿತು. 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವ ತನಕ ಮದರಾಸಿನ ಆಡಳಿತದಲ್ಲೇ ಇತ್ತು. ಹಾಗಾಗಿ ಇಲ್ಲಿ ಒಂದೇ ಓಣಿಯಲ್ಲಿ ಕನ್ನಡ, ತೆಲುಗು, ಉರ್ದು ಮೂರೂ ಕೇಳುತ್ತವೆ. ಇತ್ತೀಚಿನ ದಶಕಗಳಲ್ಲಿ ಜೀನ್ಸ್ ಪ್ಯಾಂಟಿನ ಹೊಲಿಗೆ ಬಳ್ಳಾರಿಗೆ ಹೆಸರು ತಂದಿದೆ, ಎಷ್ಟೋ ಮನೆಗಳಿಗೆ ಅನ್ನವನ್ನೂ ಕೊಟ್ಟಿದೆ. ದಾರ ಕತ್ತರಿಸುವುದು, ಗುಂಡಿ ಹಾಕುವುದು ಇಂಥ ಸಣ್ಣ ಕೆಲಸ ಮನೆಗೇ ಬರುತ್ತದೆ, ಕೂಲಿ ಪೀಸಿನ ಲೆಕ್ಕದಲ್ಲಿ. ಅಮ್ಮ ಕೂತರೆ ಪಕ್ಕದಲ್ಲಿ ಮಗಳೂ ಕೂರುತ್ತಾಳೆ. ಇವತ್ತೊಂದು ದಿನ ಅಂತ ಕೂತವಳು ವಾರ ಕೂರುತ್ತಾಳೆ. ಬೇರೆ ಊರುಗಳಲ್ಲಿ ದಾರದ ಬದಲು ಹತ್ತಿ ಬಿಡಿಸುವುದೋ, ತಮ್ಮನನ್ನು ನೋಡಿಕೊಳ್ಳುವುದೋ ಇರಬಹುದು. ಕಥೆ ಒಂದೇ.

ಕಾನೂನು ಇಲ್ಲವೇ ಎಂದು ಕೇಳುತ್ತೀರಿ. ಇದೆ. ಆದರೆ ಅದರ ನಡುವೆ ಒಂದು ಸಂದು ಇದೆ, ಅದನ್ನು ನಾವು ತಾಯಂದಿರು ತಿಳಿದಿರಬೇಕು. 2010ರ ಏಪ್ರಿಲ್ 1ರಿಂದ ಜಾರಿಯಾದ ಶಿಕ್ಷಣ ಹಕ್ಕು ಕಾಯಿದೆ ಆರರಿಂದ ಹದಿನಾಲ್ಕು ವರ್ಷದ ಮಕ್ಕಳಿಗೆ, ಎಂಟನೇ ತರಗತಿಯವರೆಗೆ. ಮದುವೆಯ ಕಾಯಿದೆ ಹೇಳುವುದು ಹೆಣ್ಣಿಗೆ ಹದಿನೆಂಟು ತುಂಬಿರಬೇಕು ಎಂದು. ಕೂಲಿಯ ಕಾಯಿದೆ 2016ರ ತಿದ್ದುಪಡಿಯ ನಂತರ ಹದಿನಾಲ್ಕರ ಒಳಗಿನವರನ್ನು ಕೆಲಸಕ್ಕೆ ಇಟ್ಟುಕೊಳ್ಳಬಾರದು ಎನ್ನುತ್ತದೆ. ಮನೆಯವರಿಗೆ ನೆರವಾಗಬಹುದು, ಅದೂ ಶಾಲೆ ಬಿಟ್ಟ ಮೇಲೆ ಇಲ್ಲವೆ ರಜೆಯಲ್ಲಿ ಮಾತ್ರ. ಹಾಗಾದರೆ ಹದಿನಾಲ್ಕರಿಂದ ಹದಿನೆಂಟರ ತನಕ ಹುಡುಗಿಯನ್ನು ಶಾಲೆಯಲ್ಲಿ ಹಿಡಿದು ನಿಲ್ಲಿಸುವವರು ಯಾರು? ನಾವೇ, ಬೇರೆ ಯಾರೂ ಅಲ್ಲ.

ಇನ್ನು ಹಾಜರಿಯ ಮಾತು. ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಕೂರಲು ನೂರಕ್ಕೆ 75ರಷ್ಟು ಹಾಜರಿ ಬೇಕು. ವರ್ಷಕ್ಕೆ 200 ದಿನ ಶಾಲೆ ನಡೆಯಿತು ಅಂದುಕೊಳ್ಳಿ. ತಪ್ಪಿಸಬಹುದಾದದ್ದು 50 ದಿನ. ತಿಂಗಳಿಗೆ ಮೂರು ದಿನ ‘ಹೊರಗೆ’ ಅಂತ ಮನೆಯಲ್ಲಿ ಕೂರಿಸಿದರೆ ಹತ್ತು ತಿಂಗಳಿಗೆ 30 ದಿನ ಹೋಯಿತು. ಉಳಿದ 20 ದಿನದಲ್ಲಿ ನೆಂಟರ ಮದುವೆ, ಜಾತ್ರೆ, ಜ್ವರ, ಪ್ಯಾಂಟಿನ ದಾರ ಎಲ್ಲವೂ ಹಿಡಿಯಬೇಕು. ಹಿಡಿಯುತ್ತದೆಯೇ? ಅಡುಗೆಯ ಲೆಕ್ಕ ಬಲ್ಲ ನಮಗೆ ಈ ಲೆಕ್ಕವೂ ಬರಬೇಕು.

ಆ ಮೂರು ದಿನ ಶಾಲೆ ತಪ್ಪಿಸುವ ಅಗತ್ಯ ಈಗಿಲ್ಲ. ಸರಕಾರಿ ಶಾಲೆಗಳಲ್ಲಿ ಹುಡುಗಿಯರಿಗೆ ಪ್ಯಾಡ್ ಕೊಡುವ ‘ಶುಚಿ’ ಯೋಜನೆ ಕೆಲವು ವರ್ಷ ನಿಂತಿದ್ದು 2024ರಲ್ಲಿ ಮತ್ತೆ ಶುರುವಾಯಿತು. ಮಗಳಿಗೆ ಸಿಗುತ್ತಿದೆಯೇ ಎಂದು ಕೇಳಿ. ಶಾಲೆಯ ಶೌಚಾಲಯಕ್ಕೆ ನೀರು, ಚಿಲಕ ಸರಿಯಾಗಿದೆಯೇ ಎಂಬುದನ್ನು ಮಗಳ ಬಾಯಿಂದಲೇ ತಿಳಿದು ಪೋಷಕರ ಸಭೆಯಲ್ಲಿ ಎತ್ತಿ. ಗಂಡಸರು ಈ ಮಾತು ಎತ್ತುವುದಿಲ್ಲ, ನಾವೇ ಎತ್ತಬೇಕು. ನಾಚಿಕೆ ಯಾಕೆ?

ಶಾಲೆಯಲ್ಲಿ ವಾರಕ್ಕೊಮ್ಮೆ ಕೊಡುವ ನೀಲಿ ಗುಳಿಗೆಯ ಬಗ್ಗೆ ಹಲವು ತಾಯಂದಿರಿಗೆ ಅನುಮಾನ. ಅದು ಕಬ್ಬಿಣದ ಅಂಶ ಮತ್ತು ಫೋಲಿಕ್ ಆಮ್ಲದ ಮಾತ್ರೆ, ರಕ್ತಹೀನತೆ ಬಾರದಿರಲಿ ಎಂದು ಕೊಡುವುದು. ಊಟವಾದ ಮೇಲೆ ನುಂಗಿದರೆ ಹೊಟ್ಟೆ ತೊಳಸುವುದು ಕಡಿಮೆ. ಅದರ ಜೊತೆಗೇ ಚಹ, ಕಾಫಿ ಬೇಡ. ಮಲ ಕಪ್ಪಾದರೆ ಹೆದರಬೇಡಿ. ಬೆಳಿಗ್ಗೆ ಬರಿ ಹೊಟ್ಟೆಯಲ್ಲಿ ಕಳಿಸದೆ ಒಂದು ರೊಟ್ಟಿಯನ್ನೋ, ಒಂದಿಷ್ಟು ವಗ್ಗರಣಿ ಮಂಡಕ್ಕಿಯನ್ನೋ ತಿನ್ನಿಸಿ ಕಳಿಸಿ, ಜೊತೆಗೆ ಶೇಂಗಾ-ಬೆಲ್ಲ ಕೊಡಿ. ಬಿಸಿಯೂಟ 2007–08ರಿಂದ ಹೈಸ್ಕೂಲಿಗೂ ಬಂದಿದೆ, 2013ರಲ್ಲಿ ಶುರುವಾದ ಕ್ಷೀರಭಾಗ್ಯದ ಹಾಲೂ ಇದೆ. ‘ಶಾಲೆ ಅನ್ನ ಯಾರು ತಿಂತಾರೆ’ ಎಂದು ಮಗಳು ಮೂಗು ಮುರಿದರೆ ಬುದ್ಧಿ ಹೇಳಿ. ನಾಲ್ಕು ಮನೆಯ ಮಕ್ಕಳು ಒಂದೇ ಸಾಲಿನಲ್ಲಿ ಕೂತು ಉಣ್ಣುವುದೂ ಒಂದು ಪಾಠವೇ.

ಭಾಷೆಯ ತೊಡಕೂ ಹುಡುಗಿಯರನ್ನು ಹಿಂದಕ್ಕೆ ಎಳೆಯುತ್ತದೆ. ಮನೆಯಲ್ಲಿ ತೆಲುಗು ಅಥವಾ ಉರ್ದು, ಶಾಲೆಯಲ್ಲಿ ಕನ್ನಡ, ಪಕ್ಕದ ಮನೆಯವರ ಆಸೆ ನೋಡಿ ಇಂಗ್ಲಿಷ್ ಮೀಡಿಯಂ! ಎಂಟಕ್ಕೆ ಸೇರಿಸುವಾಗಲೇ ಮುಖ್ಯೋಪಾಧ್ಯಾಯರನ್ನು ಕೇಳಿ: ಮಾಧ್ಯಮ ಯಾವುದು, ಪ್ರಥಮ ಭಾಷೆಗೆ ಯಾವುದೆಲ್ಲ ಇದೆ? ಒಟ್ಟು 625 ಅಂಕಗಳಲ್ಲಿ ಪ್ರಥಮ ಭಾಷೆಗೇ 125. ಕನ್ನಡದ ಹಾಗೆ ಉರ್ದು, ತೆಲುಗುಗಳನ್ನೂ ಪರೀಕ್ಷೆಯಲ್ಲಿ ಪ್ರಥಮ ಭಾಷೆಯಾಗಿ ತೆಗೆದುಕೊಳ್ಳಲು ಬರುತ್ತದೆ, ಆದರೆ ಆ ಶಾಲೆಯಲ್ಲಿ ಕಲಿಸುವವರು ಇರಬೇಕಷ್ಟೆ. ಮಗಳಿಗೆ ಬರುವ ಭಾಷೆಯಲ್ಲಿ ಓದಿಸಿದರೆ ಗಣಿತ, ವಿಜ್ಞಾನವೂ ತಲೆಗೆ ಹತ್ತುತ್ತದೆ. ಅರ್ಥವಾಗದೆ ಸುಮ್ಮನೆ ಕೂರುವ ಹುಡುಗಿಯೇ ಮೊದಲು ಶಾಲೆ ಬಿಡುವವಳು.

‘ಓದಿ ಯಾವ ಕಚೇರಿಗೆ ಹೋಗಬೇಕಾಗೈತಿ, ಕೊನೆಗೆ ಒಲೆ ಮುಂದೇ ಅಲ್ಲೇನ್ರೀ ಅಕ್ಕಾ?’ ಎನ್ನುವವರು ಪ್ರತಿ ಓಣಿಯಲ್ಲೂ ಇದ್ದಾರೆ. ಒಲೆಯ ಮುಂದೆ ಕೂತರೂ ಹೈಸ್ಕೂಲು ಕಲಿತದ್ದು ವ್ಯರ್ಥವಾಗುವುದಿಲ್ಲ. ಔಷಧಿಯ ಚೀಟಿ, ಬ್ಯಾಂಕಿನ ಪಾಸ್‌ಬುಕ್, ಪೀಸಿನ ಕೂಲಿಯ ಲೆಕ್ಕ, ಮಕ್ಕಳ ಪಾಠ, ಎಲ್ಲಕ್ಕೂ ಆ ಮೂರು ವರ್ಷ ಬೇಕು. ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಹುಟ್ಟಿದ ತಾರೀಖಿಗೂ ದಾಖಲೆ, ಪಿಯುಸಿ, ಐಟಿಐ, ಡಿಪ್ಲೊಮಾಕ್ಕೂ ಬಾಗಿಲು. ನಮ್ಮ ಕಲ್ಯಾಣ ಕರ್ನಾಟಕಕ್ಕೆ ಸಂವಿಧಾನದ 371(ಜೆ) ವಿಧಿಯಲ್ಲಿ ಓದಿಗೂ ನೌಕರಿಗೂ ಮೀಸಲಾತಿ ಇದೆ, ಬಳ್ಳಾರಿಯೂ ಅದಕ್ಕೆ ಸೇರಿದೆ. ಒಂಬತ್ತಕ್ಕೇ ಶಾಲೆ ಬಿಟ್ಟವಳಿಗೆ ಅದರಿಂದ ಏನು ಪ್ರಯೋಜನ?

ಮತ್ತೊಂದು ಮಾತು. ಹೈಸ್ಕೂಲು ಎಂದರೆ ಬರೀ ಅಂಕವಲ್ಲ. ಬೆಳಗಿನ ಪ್ರಾರ್ಥನೆಯಲ್ಲಿ ಮುಂದೆ ನಿಂತು ನಾಡಗೀತೆ ಹಾಡುವುದು, ಸಂವಿಧಾನದ ಪೀಠಿಕೆ ಓದುವುದು, ಖೋ ಖೋ ಆಟ, ಪ್ರತಿಭಾ ಕಾರಂಜಿ, ಬೇರೆ ಧರ್ಮದ ಗೆಳತಿಯ ಡಬ್ಬಿಯ ರುಚಿ ಇವೆಲ್ಲ ಆ ವಯಸ್ಸಿಗೇ ಸಿಗಬೇಕು. ನಾಲ್ಕು ಜನರ ಮುಂದೆ ತಲೆ ಎತ್ತಿ ಮಾತಾಡುವ ಧೈರ್ಯ ಅಲ್ಲೇ ಬರುವುದು. ಆ ಧೈರ್ಯವನ್ನು ಮುಂದೆ ಯಾವ ಅತ್ತೆ ಮನೆಯೂ ಕಲಿಸಿಕೊಡುವುದಿಲ್ಲ.

ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸಿದ ಹಾಗೆ, ಹುಡುಗಿ ಒಂಬತ್ತರಲ್ಲಿದ್ದಾಗಲೇ ಗಂಡು ಹುಡುಕುವ ಆತುರ ಬೇಡ. ಬಾಲ್ಯವಿವಾಹ ನಿಷೇಧ ಕಾಯಿದೆ 2006ರದ್ದು. ಕರ್ನಾಟಕದ ತಿದ್ದುಪಡಿಯಂತೆ ಅಂಥ ಮದುವೆ ಮೊದಲಿನಿಂದಲೇ ಅಸಿಂಧು. ನೆರೆಮನೆಯಲ್ಲಿ ಅಂಥದ್ದು ನಡೆಯುತ್ತಿದ್ದರೆ 1098ಕ್ಕೆ ಫೋನು ಮಾಡಬಹುದು.

ಫೇಲಾದವಳನ್ನು ಬೈದು ಮೂಲೆಗೆ ಕೂರಿಸಬೇಡಿ. ಮತ್ತೆ ಪರೀಕ್ಷೆ ಬರೆಸಿ. ಮಧ್ಯದಲ್ಲಿ ಬಿಟ್ಟವಳಿಗೂ ಖಾಸಗಿಯಾಗಿ ಪರೀಕ್ಷೆ ಕಟ್ಟುವ ದಾರಿ ಇದೆ, ಹತ್ತಿರದ ಹೈಸ್ಕೂಲಿನಲ್ಲಿ ವಿಚಾರಿಸಿ.

ಈ ತಿಂಗಳು ಇಷ್ಟು ಮಾಡಿ ನೋಡಿ. ಗೋಡೆಯ ಕ್ಯಾಲೆಂಡರಿನಲ್ಲಿ ಮಗಳು ಶಾಲೆ ತಪ್ಪಿಸಿದ ದಿನಕ್ಕೆ ಒಂದು ಗುಂಡು ಹಾಕಿ. ಹಾಲಿನ ಲೆಕ್ಕ ಬರೆಯುತ್ತೀರಲ್ಲ, ಹಾಗೇ. ಗುಂಡು ಹೆಚ್ಚಾದರೆ ಯಾಕೆ ಎಂದು ಅವಳನ್ನು ಕೂರಿಸಿಕೊಂಡು ಮೆತ್ತಗೆ ಕೇಳಿ. ಕಾರಣ ಮನೆಯಲ್ಲಿದ್ದರೆ ಮನೆಯವರನ್ನು ಸರಿಪಡಿಸಿ, ಶಾಲೆಯಲ್ಲಿದ್ದರೆ ಸೆರಗು ಸಿಕ್ಕಿಸಿಕೊಂಡು ಶಾಲೆಗೆ ನಡೆಯಿರಿ. ಪ್ಯಾಂಟಿನ ದಾರ ಸಂಜೆಗೂ ಇರುತ್ತದೆ. ಬೆಳಗಿನ ಪಾಠ ತಪ್ಪಿದರೆ ತಪ್ಪಿದ ಹಾಗೆಯೇ.