ವಿದ್ಯಾರ್ಥಿ ವೇತನ: ಸ್ಪರ್ಧೆ ಯಾರೊಂದಿಗೆ?

ದ್ವಿತೀಯ ಪಿಯುಸಿ ಫಲಿತಾಂಶ ಬಂದ ಮೇಲೆ ನಮ್ಮ ಮನೆಗಳಲ್ಲಿ ಎರಡು ಬಗೆಯ ಮಾತು ನಡೆಯುತ್ತದೆ. ಅಂಕದ ಮಾತು ಬೀದಿಗೆ ಕೇಳುವಂತೆ ನಡೆಯುತ್ತದೆ. ದುಡ್ಡಿನ ಮಾತು ನಡೆಯುವುದು ರಾತ್ರಿ, ಅಡುಗೆಮನೆಯಲ್ಲಿ, ಮಕ್ಕಳು ಮಲಗಿದರು ಎಂದು ಖಾತ್ರಿಯಾದ ಮೇಲೆ. ಮಕ್ಕಳು ಮಲಗಿರುವುದಿಲ್ಲ ಎಂಬುದು ಬೇರೆ ವಿಷಯ.

ಕಾರ್ಯಕ್ರಮದಲ್ಲಿ ಈ ಕುರಿತು ಮಾತನಾಡಿದಾಗ ಸಮಯ ಸಾಲದೆ ಬಿಟ್ಟುಹೋದ ವಿವರಗಳನ್ನು ಇಲ್ಲಿ ಬರೆಯುತ್ತಿದ್ದೇನೆ. ತಾಲ್ಲೂಕು ಕೇಂದ್ರದ ಪದವಿ ಕಾಲೇಜೊಂದರಲ್ಲಿ ಪಾಠ ಹೇಳುವುದರ ಜೊತೆಗೆ ವಿದ್ಯಾರ್ಥಿ ವೇತನದ ಕಡತಗಳನ್ನೂ ಹಲವು ವರ್ಷ ನೋಡಿಕೊಂಡವನು ನಾನು. ಆದುದರಿಂದ ಇಲ್ಲಿರುವುದರಲ್ಲಿ ಕೆಲವು ನಿಯಮದ ಪುಸ್ತಕದವು, ಕೆಲವು ಕಚೇರಿಯ ಕಿಟಕಿಯಲ್ಲಿ ಕಂಡವು.

ಬಡ ಹುಡುಗನ ಓದಿಗೆ ಊರು ನೆರವಾಗುವುದು ನಮ್ಮಲ್ಲಿ ಹೊಸತಲ್ಲ. ವಾರಾನ್ನ ಎಂಬ ಮಾತು ಹಿರಿಯರಿಗೆ ಚೆನ್ನಾಗಿ ಗೊತ್ತು. ಸೋಮವಾರ ಒಬ್ಬರ ಮನೆ, ಮಂಗಳವಾರ ಇನ್ನೊಬ್ಬರ ಮನೆ, ಹೀಗೆ ಏಳು ಮನೆಯ ಊಟದಲ್ಲಿ ಓದಿ ಮುಂದೆ ಬಂದವರು ಅನೇಕರು. ಅದು ಎಲ್ಲ ಜಾತಿಯ ಮಕ್ಕಳಿಗೂ ತೆರೆದ ಬಾಗಿಲಾಗಿರಲಿಲ್ಲ ಎಂಬುದನ್ನೂ ಮರೆಯಬಾರದು. ಆಮೇಲೆ ಮಠಗಳ, ಸಮುದಾಯಗಳ ಉಚಿತ ವಿದ್ಯಾರ್ಥಿ ನಿಲಯಗಳು ಬಂದವು. ಎಂ. ವಿಶ್ವೇಶ್ವರಯ್ಯನವರು ಬೆಂಗಳೂರಿನಲ್ಲಿ ಮನೆಪಾಠ ಹೇಳಿಕೊಂಡು ಬಿ.ಎ. ಮುಗಿಸಿ, ಮೈಸೂರು ಸರ್ಕಾರದ ವಿದ್ಯಾರ್ಥಿ ವೇತನದ ಬಲದಿಂದ ಪುಣೆಗೆ ಎಂಜಿನಿಯರಿಂಗ್ ಓದಲು ಹೋದರು. 1913ರಲ್ಲಿ ಡಾ. ಬಿ. ಆರ್. ಅಂಬೇಡ್ಕರ್ ಅವರು ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯಕ್ಕೆ ಹೋದದ್ದು ಬರೋಡಾ ಸಂಸ್ಥಾನದ ವೇತನದಿಂದ. ಇವೆರಡೂ ಕೊಡುವವರ ಔದಾರ್ಯಕ್ಕೆ ಸೇರಿದವು. 1944ರಲ್ಲಿ ಪರಿಶಿಷ್ಟ ಜಾತಿಯ ವಿದ್ಯಾರ್ಥಿಗಳಿಗೆಂದು ಮೆಟ್ರಿಕ್ ನಂತರದ ವಿದ್ಯಾರ್ಥಿ ವೇತನ ಆರಂಭವಾದಾಗ ಮಾತ್ರ ಒಂದು ಬದಲಾವಣೆ ಬಂತು. ಅರ್ಹತೆ ಇದ್ದರೆ ಸಾಕು, ಯಾರ ಕೃಪೆಯೂ ಬೇಡ ಎಂಬ ತತ್ವಕ್ಕೆ ಅದು ದಾರಿ ಮಾಡಿತು.

ಇಂದಿಗೂ ವಿದ್ಯಾರ್ಥಿ ವೇತನಗಳನ್ನು ಅರ್ಥ ಮಾಡಿಕೊಳ್ಳಬೇಕಾದದ್ದು ಹೀಗೆಯೇ. ಒಂದು ಬಗೆಯದು ಹಕ್ಕಿನದು: ನಿಯಮಕ್ಕೆ ಹೊಂದಿದವರಿಗೆಲ್ಲ ಸಲ್ಲಬೇಕಾದದ್ದು. ಇನ್ನೊಂದು ಗೆಲ್ಲಬೇಕಾದದ್ದು: ಸಂಖ್ಯೆ ನಿಗದಿಯಾಗಿರುತ್ತದೆ, ಅರ್ಜಿ ಹಾಕಿದವರು ಅದಕ್ಕಿಂತ ಹೆಚ್ಚಿರುತ್ತಾರೆ. ತಂದೆತಾಯಿಗಳು ಇವೆರಡನ್ನೂ ಒಂದೇ ಎಂದು ತಿಳಿದು, "ನಮ್ಮ ಹುಡುಗನಿಗೆ ಅಷ್ಟು ಅಂಕ ಎಲ್ಲಿದೆ ಸಾರ್, ಬಿಡಿ" ಎಂದು ಹಕ್ಕಿನದನ್ನೂ ಕೈಬಿಡುವುದನ್ನು ನಾನು ಕಂಡಿದ್ದೇನೆ.

ಮೊದಲು ಹಕ್ಕಿನದನ್ನು ನೋಡೋಣ. ಪರಿಶಿಷ್ಟ ಜಾತಿಯ ಮೆಟ್ರಿಕ್ ನಂತರದ ವೇತನದ ನಿಯಮಗಳನ್ನು 2021ರಲ್ಲಿ ಪರಿಷ್ಕರಿಸಲಾಯಿತು. ಕುಟುಂಬದ ವಾರ್ಷಿಕ ಆದಾಯದ ಮಿತಿ 2.5 ಲಕ್ಷ ರೂಪಾಯಿ. ಖರ್ಚಿನಲ್ಲಿ ಕೇಂದ್ರದ ಪಾಲು ಶೇ. 60, ರಾಜ್ಯದ್ದು ಶೇ. 40. ಶುಲ್ಕದ ಮರುಪಾವತಿಯ ಜೊತೆಗೆ ನಿರ್ವಹಣೆಗೆಂದು ಸಿಗುವ ಹಣ ಕೋರ್ಸಿನ ಮೇಲೆ ಹೋಗುತ್ತದೆ. ಸಾಮಾನ್ಯ ಬಿ.ಎ., ಬಿ.ಎಸ್ಸಿ., ಬಿ.ಕಾಂ. ವಿದ್ಯಾರ್ಥಿ ಹಾಸ್ಟೆಲಿನಲ್ಲಿದ್ದರೆ ಆ ನಿಯಮದಂತೆ ವರ್ಷಕ್ಕೆ 6,000 ರೂಪಾಯಿ, ಮನೆಯಿಂದ ಓಡಾಡುವವರಾದರೆ 3,000. ಹಿಂದುಳಿದ ವರ್ಗಗಳಲ್ಲಿ ಹಾಸ್ಟೆಲ್ ಸಿಗದ ಮಕ್ಕಳಿಗೆ ಊಟ, ವಸತಿಗೆಂದು ರಾಜ್ಯ ಸರ್ಕಾರ 2013-14ರಲ್ಲಿ ಆರಂಭಿಸಿದ ವಿದ್ಯಾಸಿರಿಯಲ್ಲಿ ತಿಂಗಳಿಗೆ 1,500ರಂತೆ ಹತ್ತು ತಿಂಗಳಿಗೆ 15,000 ರೂಪಾಯಿ ನಿಗದಿಯಾಯಿತು. ರೈತರ ಮಕ್ಕಳಿಗಾಗಿ ರೈತ ವಿದ್ಯಾನಿಧಿ ಬಂದದ್ದು 2021ರಲ್ಲಿ.

ಇಲ್ಲಿ ಸಹಪಾಠಿಯೊಂದಿಗೆ ಸ್ಪರ್ಧೆ ಇಲ್ಲ. ಸ್ಪರ್ಧೆ ಇರುವುದು ಕಾಗದ ಪತ್ರದೊಂದಿಗೆ. ಹಿಂದೆ ಅರ್ಜಿಯ ಕಟ್ಟು ಕಾಲೇಜಿನಿಂದ ಇಲಾಖೆಗೆ ಹೋಗುತ್ತಿತ್ತು. ಈಗ ರಾಜ್ಯದ ಹೆಚ್ಚಿನ ವೇತನಗಳಿಗೆ ರಾಜ್ಯ ವಿದ್ಯಾರ್ಥಿ ವೇತನ ಪೋರ್ಟಲ್, ಕೇಂದ್ರದ ಹಲವು ವೇತನಗಳಿಗೆ ರಾಷ್ಟ್ರೀಯ ಪೋರ್ಟಲ್ ಇದೆ. ಇದರಿಂದ ಅನುಕೂಲವಾಗಿದೆ, ಇಲ್ಲವೆನ್ನಲಾರೆ. ಹಣ ಮಧ್ಯದಲ್ಲಿ ಯಾರ ಕೈಗೂ ಹೋಗದೆ ನೇರವಾಗಿ ಖಾತೆಗೆ ಬರುತ್ತದೆ. ಆದರೆ ಹಿಂದೆ ಗುಮಾಸ್ತರು ಮುಖ ನೋಡಿ, "ಇವನು ಇವನೇ" ಎಂದು ಒಪ್ಪುತ್ತಿದ್ದ ಕಡೆ ಈಗ ಯಂತ್ರ ಅಕ್ಷರ ನೋಡುತ್ತದೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಇನಿಷಿಯಲ್ ಹಿಂದೆ, ಆಧಾರ್ ಕಾರ್ಡಿನಲ್ಲಿ ಮುಂದೆ. ಒಂದರಲ್ಲಿ ಲಕ್ಷ್ಮಿ, ಇನ್ನೊಂದರಲ್ಲಿ ಲಕ್ಷ್ಮೀದೇವಿ. ಇಷ್ಟು ಸಾಕು ಅರ್ಜಿ ನಿಲ್ಲುವುದಕ್ಕೆ. ನಾಡಕಚೇರಿಯ ಜಾತಿ ಮತ್ತು ಆದಾಯ ಪ್ರಮಾಣಪತ್ರಕ್ಕೂ ಅವಧಿಯುಂಟು. ಅಣ್ಣನಿಗೆ ಮಾಡಿಸಿದ್ದು ತಂಗಿಗೆ ನಡೆಯುವುದಿಲ್ಲ. ಪ್ರಮಾಣಪತ್ರದ ಮೇಲಿರುವ ಆರ್.ಡಿ. ಸಂಖ್ಯೆ ಅರ್ಜಿದಾರರ ಹೆಸರಿನದ್ದೇ ಆಗಿರಬೇಕು.

ಇದಕ್ಕಿಂತ ದೊಡ್ಡ ತೊಡಕು ಬ್ಯಾಂಕ್ ಖಾತೆಯದು. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಅರ್ಜಿಯಲ್ಲಿ ಬರೆದ ಖಾತೆಗೇ ಹಣ ಬರುತ್ತದೆ ಎಂದು ಎಲ್ಲರೂ ಭಾವಿಸುತ್ತಾರೆ. ಆಧಾರ್ ಆಧಾರಿತ ಪಾವತಿಯಲ್ಲಿ ಹಾಗಲ್ಲ. ಸರ್ಕಾರ ಹಣ ಕಳುಹಿಸುವುದು ಆಧಾರ್ ಸಂಖ್ಯೆಗೆ. ಆ ಸಂಖ್ಯೆಗೆ ಹಣ ಪಡೆಯಲೆಂದು ಕೊನೆಯದಾಗಿ ಯಾವ ಖಾತೆ ಜೋಡಣೆಯಾಗಿದೆಯೋ ಅಲ್ಲಿಗೆ ಅದು ಹೋಗಿ ಸೇರುತ್ತದೆ. ಗುರುತಿಗೆಂದು ಬ್ಯಾಂಕಿಗೆ ಆಧಾರ್ ಪ್ರತಿ ಕೊಡುವುದೇ ಬೇರೆ, ಸರ್ಕಾರದ ಹಣ ಇದೇ ಖಾತೆಗೆ ಬರಲಿ ಎಂದು ಒಪ್ಪಿಗೆ ಬರೆದುಕೊಟ್ಟು ಜೋಡಣೆ ಮಾಡಿಸುವುದೇ ಬೇರೆ.

ಕೆಲವು ವರ್ಷಗಳ ಹಿಂದೆ ಎರಡನೆಯ ವರ್ಷದ ಬಿ.ಎ. ಹುಡುಗಿಯೊಬ್ಬಳು ಕಾಲೇಜಿಗೆ ಬರುವುದನ್ನು ನಿಲ್ಲಿಸಿದಳು. ತಂದೆ ಮಾರುಕಟ್ಟೆಯಲ್ಲಿ ಹಮಾಲಿ. ಪೋರ್ಟಲಿನಲ್ಲಿ ನೋಡಿದರೆ ಹಣ ಪಾವತಿಯಾಗಿದೆ ಎಂದು ತೋರಿಸುತ್ತಿತ್ತು. ಪಾಸ್ ಬುಕ್ಕಿನಲ್ಲಿ ಇರಲಿಲ್ಲ. ನಾವೂ ಮೊದಲು ನಂಬಲಿಲ್ಲ, ಮನೆಯಲ್ಲಿ ಯಾರೋ ತೆಗೆದುಕೊಂಡಿರಬೇಕು ಎಂದುಕೊಂಡೆವು. ಕೊನೆಗೆ ಬ್ಯಾಂಕಿನಲ್ಲಿ ವಿಚಾರಿಸಿದಾಗ ತಿಳಿದದ್ದು ಇಷ್ಟು: ಮೊಬೈಲ್ ಸಿಮ್ ಕೊಳ್ಳುವಾಗ ಅಂಗಡಿಯಲ್ಲಿ ಬೆರಳು ಒತ್ತಿಸಿಕೊಂಡಿದ್ದರು, ಅದೇ ಒತ್ತಿನಲ್ಲಿ ಅವಳಿಗೆ ತಿಳಿಯದಂತೆ ಒಂದು ಖಾತೆಯೂ ತೆರೆದು ಆಧಾರ್ ಜೋಡಣೆಯಾಗಿತ್ತು. ಹಣ ಎಂಟು ತಿಂಗಳಿನಿಂದ ಅಲ್ಲಿ ಕೂತಿತ್ತು. ಅಷ್ಟರಲ್ಲಿ ಅವಳು ಪರೀಕ್ಷೆಯ ಶುಲ್ಕ ಕಟ್ಟಲಾಗದೆ ಬಟ್ಟೆ ಅಂಗಡಿಗೆ ಕೆಲಸಕ್ಕೆ ಸೇರಿಯಾಗಿತ್ತು. "ಏನಮ್ಮಾ, ಒಂದು ಮಾತು ಕೇಳಬಾರದಿತ್ತೆ?" ಎಂದರೆ, "ಎರಡು ಸಲ ಕೇಳಿದೆ ಸಾರ್, ಬರುತ್ತೆ ಹೋಗು ಅಂದರು" ಎಂದಳು. ಅಂದವರಲ್ಲಿ ನಾನೂ ಒಬ್ಬ. ಒಂದು ವರ್ಷ ತಡವಾಗಿ ಅವಳು ಪದವಿ ಮುಗಿಸಿದಳು.

ಯಾವ ಖಾತೆಗೆ ಜೋಡಣೆಯಾಗಿದೆ ಎಂಬುದನ್ನು ಆಧಾರ್ ಸಂಸ್ಥೆಯ ಜಾಲತಾಣದಲ್ಲಿ ಐದು ನಿಮಿಷದಲ್ಲಿ ನೋಡಬಹುದು. ಅರ್ಜಿ ತುಂಬುವ ಮೊದಲೇ ನೋಡಿಸಿ.

ಇನ್ನು ಗೆಲ್ಲಬೇಕಾದ ವೇತನಗಳು. ಇವುಗಳಲ್ಲಿ ಸಾಮಾನ್ಯ ಪದವಿ ವಿದ್ಯಾರ್ಥಿಗೆ ಮುಖ್ಯವಾದದ್ದು ಕೇಂದ್ರ ಶಿಕ್ಷಣ ಸಚಿವಾಲಯದ ಕಾಲೇಜು ಮತ್ತು ವಿಶ್ವವಿದ್ಯಾಲಯ ವಿದ್ಯಾರ್ಥಿಗಳ ವೇತನ. ದೇಶಕ್ಕೆಲ್ಲ ವರ್ಷಕ್ಕೆ 82,000 ಹೊಸ ವೇತನಗಳು, ಅವುಗಳಲ್ಲಿ ಅರ್ಧ ಹೆಣ್ಣುಮಕ್ಕಳಿಗೆ. ಕುಟುಂಬದ ಆದಾಯ 4.5 ಲಕ್ಷ ರೂಪಾಯಿ ಮೀರಬಾರದು. ಪದವಿಯ ಮೂರು ವರ್ಷ ವರ್ಷಕ್ಕೆ 12,000, ಸ್ನಾತಕೋತ್ತರ ಹಂತದಲ್ಲಿ 20,000 ರೂಪಾಯಿ. ಅರ್ಹತೆಯೆಂದರೆ ಹನ್ನೆರಡನೆಯ ತರಗತಿಯಲ್ಲಿ 80ನೆಯ ಪರ್ಸೆಂಟೈಲಿಗಿಂತ ಮೇಲಿರಬೇಕು.

ಈ ಪರ್ಸೆಂಟೈಲ್ ಎಂಬ ಶಬ್ದ ಎಷ್ಟು ಮಕ್ಕಳಿಗೆ ಅನ್ಯಾಯ ಮಾಡಿದೆಯೋ! ಶೇಕಡಾ 80 ಅಂಕ ಎಂದು ಓದಿಕೊಂಡು, 76 ಬಂದವರು ಅರ್ಜಿಯನ್ನೇ ಹಾಕುವುದಿಲ್ಲ. ಇದು ಅಂಕದ ಲೆಕ್ಕವಲ್ಲ, ಸಾಲಿನ ಲೆಕ್ಕ. ನಿಮ್ಮ ವಿಭಾಗದಲ್ಲಿ ತೇರ್ಗಡೆಯಾದ ನೂರು ಮಂದಿಯನ್ನು ಅಂಕದ ಪ್ರಕಾರ ಸಾಲಾಗಿ ನಿಲ್ಲಿಸಿದರೆ ಎಂಬತ್ತು ಮಂದಿ ನಿಮ್ಮ ಹಿಂದಿರಬೇಕು, ಅಷ್ಟೆ. ಪರೀಕ್ಷೆ ಕಠಿಣವಾದ ವರ್ಷ, ಅಥವಾ ಒಟ್ಟಾರೆ ಅಂಕ ಕಡಿಮೆ ಬರುವ ವಿಭಾಗದಲ್ಲಿ, ಶೇ. 75ರ ಆಸುಪಾಸಿನವರೂ ಆ ಸಾಲಿನ ಮುಂದಿನ ಇಪ್ಪತ್ತರಲ್ಲಿ ಇರಬಹುದು. ಎಲ್ಲರಿಗೂ ಹೆಚ್ಚು ಅಂಕ ಬಂದ ಕಡೆ 85 ಪಡೆದವರೂ ಹೊರಗುಳಿಯಬಹುದು. ಅರ್ಹತೆ ಸಿಕ್ಕ ಮೇಲೂ ರಾಜ್ಯದ ಪಾಲಿನೊಳಗೆ ಹೆಚ್ಚು ಅಂಕದವರಿಗೇ ಮೊದಲು. ಆ ಪಾಲನ್ನು ವಿಜ್ಞಾನ, ವಾಣಿಜ್ಯ, ಕಲಾ ವಿಭಾಗಗಳಿಗೆ 3:2:1ರಂತೆ ಹಂಚುತ್ತಾರೆ. ಕಲಾ ವಿಭಾಗಕ್ಕೆ ಆರರಲ್ಲಿ ಒಂದು! ನಮ್ಮ ಹಳ್ಳಿಗಾಡಿನ ಕಾಲೇಜುಗಳಲ್ಲಿ ಅತಿ ಬಡ ಮಕ್ಕಳು ಬಂದು ಕೂರುವುದು ಬಹುಮಟ್ಟಿಗೆ ಕಲಾ ವಿಭಾಗದಲ್ಲೇ. ಈ ಹಂಚಿಕೆ ನನಗೆ ಎಂದೂ ಸರಿಯೆನಿಸಿಲ್ಲ.

ವಿಜ್ಞಾನ ಓದುವವರಿಗೆ ಇನ್‌ಸ್ಪೈರ್ ವೇತನವಿದೆ. ತಮ್ಮ ಮಂಡಳಿಯಲ್ಲಿ ಮೊದಲ ಶೇ. 1ರಲ್ಲಿ ಬಂದು ಮೂಲ ವಿಜ್ಞಾನದ ಪದವಿಗೆ ಸೇರಿದವರಿಗೆ ವರ್ಷಕ್ಕೆ 80,000 ರೂಪಾಯಿ. ಅದರಲ್ಲಿ 20,000 ಬೇಸಿಗೆಯಲ್ಲಿ ವಿಜ್ಞಾನಿಯೊಬ್ಬರ ಬಳಿ ಕೆಲಸ ಮಾಡಿದ್ದಕ್ಕೆ. ಎಂಜಿನಿಯರಿಂಗ್, ವೈದ್ಯಕೀಯಕ್ಕೆ ಹೋದವರಿಗೆ ಇದು ಇಲ್ಲ. ಕಾಲೇಜಿಗಿಂತ ಮೊದಲೇ ಸ್ಪರ್ಧೆ ಶುರುವಾಗುವುದೂ ಉಂಟು. ಎನ್‌ಎಂಎಂಎಸ್ ಎಂಬ ಪರೀಕ್ಷೆಯನ್ನು ಎಂಟನೆಯ ತರಗತಿಯಲ್ಲಿ, ಸರ್ಕಾರಿ ಮತ್ತು ಅನುದಾನಿತ ಶಾಲೆಯ ಮಕ್ಕಳು ಬರೆಯುತ್ತಾರೆ. ಆಯ್ಕೆಯಾದವರಿಗೆ ಒಂಬತ್ತರಿಂದ ದ್ವಿತೀಯ ಪಿಯುಸಿವರೆಗೆ ವರ್ಷಕ್ಕೆ 12,000 ರೂಪಾಯಿ. ಆಸಕ್ತಿಯುಳ್ಳ ಒಬ್ಬ ಮೇಷ್ಟರಿದ್ದರೆ ಒಂದೇ ಹಳ್ಳಿಯ ಶಾಲೆಯಿಂದ ಏಳೆಂಟು ಮಕ್ಕಳು ಗೆಲ್ಲುತ್ತಾರೆ, ಪಕ್ಕದ ಹಳ್ಳಿಯಲ್ಲಿ ಪರೀಕ್ಷೆಯ ಹೆಸರೂ ಗೊತ್ತಿರುವುದಿಲ್ಲ.

ಇಲ್ಲಿ ಒಂದು ಎಚ್ಚರಿಕೆ. ಕಾಲೇಜಿನ ನೋಟಿಸ್ ಬೋರ್ಡಿನಲ್ಲಿ, ಮಾರ್ಗದರ್ಶಿ ಪುಸ್ತಕಗಳಲ್ಲಿ ನಿಂತುಹೋದ ವೇತನಗಳ ಹೆಸರು ಇನ್ನೂ ಉಳಿದಿವೆ. 1963ರಿಂದ ನಡೆದುಬಂದ ರಾಷ್ಟ್ರೀಯ ಪ್ರತಿಭಾನ್ವೇಷಣೆ ಪರೀಕ್ಷೆ 2021ರಲ್ಲಿ ನಿಂತಿತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ ನಡೆಸುತ್ತಿದ್ದ ಕೆವಿಪಿವೈ 2022ರಲ್ಲಿ ಇನ್‌ಸ್ಪೈರ್‌ನೊಳಗೆ ಸೇರಿತು. ಇವುಗಳ ಹೆಸರಿನಲ್ಲಿ ತರಬೇತಿ ಪುಸ್ತಕ ಮಾರುವವರಿದ್ದರೆ ಹಣ ಕೊಡಬೇಡಿ.

ಖಾಸಗಿ ದತ್ತಿಗಳ ವೇತನಗಳೂ ಹಲವಾರಿವೆ. 1999ರಲ್ಲಿ ಸ್ಥಾಪನೆಯಾದ ಸರೋಜಿನಿ ದಾಮೋದರನ್ ಪ್ರತಿಷ್ಠಾನದ ವಿದ್ಯಾಧನ್ ಎಸ್ಸೆಸ್ಸೆಲ್ಸಿ ಮುಗಿಸಿದವರಿಗೆ ಅರ್ಜಿ, ಪರೀಕ್ಷೆ, ಸಂದರ್ಶನದ ಮೂಲಕ ವೇತನ ಕೊಡುತ್ತದೆ. ಅಜೀಂ ಪ್ರೇಮ್‌ಜಿ ಪ್ರತಿಷ್ಠಾನದ್ದು ಇದಕ್ಕಿಂತ ಬೇರೆ ರೀತಿ. ಹತ್ತು ಮತ್ತು ಹನ್ನೆರಡನೆಯ ತರಗತಿ ಎರಡನ್ನೂ ಸರ್ಕಾರಿ ಶಾಲೆ-ಕಾಲೇಜಿನಲ್ಲಿ ಮುಗಿಸಿ ಪದವಿಗೋ ಡಿಪ್ಲೊಮಾಗೋ ಸೇರಿದ ಹೆಣ್ಣುಮಕ್ಕಳಿಗೆ ವರ್ಷಕ್ಕೆ 30,000 ರೂಪಾಯಿ. 2025-26ರ ಸಾಲಿನಲ್ಲಿ ಇದು ಕರ್ನಾಟಕಕ್ಕೂ ಬಂತು. ಅಂಕದ ಸ್ಪರ್ಧೆ ಇಲ್ಲದಿರುವುದೇ ಇದರ ವಿಶೇಷ.

ಸಂದರ್ಶನದ ಬಗ್ಗೆ ಪತ್ರ ಬರೆದವರು ಬಹಳ. ಸಣ್ಣ ದತ್ತಿ ಸಂಸ್ಥೆಯೊಂದರ ಆಯ್ಕೆ ಸಮಿತಿಯಲ್ಲಿ ಕೆಲವು ವರ್ಷ ಕೂತ ಅನುಭವದಿಂದ ಹೇಳುತ್ತೇನೆ. ಅಲ್ಲಿ ನಾವು ಕೇಳುತ್ತಿದ್ದ ಒಂದು ಪ್ರಶ್ನೆ, "ನಿಮ್ಮ ಮನೆಯ ತಿಂಗಳ ಖರ್ಚು ಎಷ್ಟು?" ಒಬ್ಬ ಹುಡುಗ ಭಾಷಣ ಸ್ಪರ್ಧೆಯ ಪ್ರಶಸ್ತಿ ಪತ್ರಗಳ ಕಡತವನ್ನೇ ತಂದಿದ್ದ, ಮಾತು ಅರಳು ಹುರಿದಂತೆ. ಈ ಪ್ರಶ್ನೆಗೆ ಮಾತ್ರ "ಅಪ್ಪನನ್ನು ಕೇಳಬೇಕು ಸಾರ್" ಎಂದ. ಅವನ ನಂತರ ಬಂದ ಹುಡುಗಿ ತಲೆ ಎತ್ತದೆ, ಬಾಡಿಗೆ, ರೇಷನ್ ಮೇಲಿನ ದಿನಸಿ, ಅಮ್ಮನ ಸಕ್ಕರೆ ಕಾಯಿಲೆಯ ಮಾತ್ರೆ, ಸ್ತ್ರೀಶಕ್ತಿ ಸಂಘದ ಕಂತು ಎಂದು ಒಂದೊಂದಾಗಿ ಹೇಳಿ, ಕೊನೆಗೆ ಕೂಡಿಸಿ ತಿಂಗಳ ಮೊತ್ತವನ್ನೂ ಹೇಳಿದಳು. ಉಳಿದ ಪ್ರಶ್ನೆಗಳಿಗೆ ಅವಳ ಉತ್ತರ ಒಂದೊಂದೇ ಮಾತು. ಆ ವರ್ಷ ಉಳಿದಿದ್ದುದು ಒಂದೇ ವೇತನ. ನಾವು ಹುಡುಗನಿಗೆ ಕೊಟ್ಟೆವು. ಮುಂದಿನ ವರ್ಷದಿಂದ ಮಾತಿಗೆ ಕೊಡುತ್ತಿದ್ದ ಅಂಕವನ್ನು ಅರ್ಧಕ್ಕೆ ಇಳಿಸಿದೆವು. ಅದರಿಂದ ಅವಳಿಗೇನೂ ಪ್ರಯೋಜನವಾಗಲಿಲ್ಲ.

ಆದುದರಿಂದ ಸಂದರ್ಶನಕ್ಕೆ ಹೋಗುವವರು ಮನೆಯ ಲೆಕ್ಕವನ್ನು ತಿಳಿದುಕೊಂಡು ಹೋಗಿ, ಸಂಕೋಚವಿಲ್ಲದೆ ಹೇಳಿ. ಅರ್ಜಿಯ ಜೊತೆಗಿನ ಪ್ರಬಂಧವನ್ನು ಮೇಷ್ಟರಿಂದ ಬರೆಸಬೇಡಿ. ಹತ್ತು ಅರ್ಜಿ ಓದುವಷ್ಟರಲ್ಲಿ ಯಾವುದು ಮೇಷ್ಟರದು ಎಂದು ಗೊತ್ತಾಗಿಬಿಡುತ್ತದೆ.

ವೇತನ ಒಮ್ಮೆ ಸಿಕ್ಕರೆ ಮುಗಿಯಿತೆಂದಲ್ಲ. ಪ್ರತಿ ವರ್ಷ ನವೀಕರಣದ ಅರ್ಜಿ ಹಾಕಬೇಕು. ಮೇಲೆ ಹೇಳಿದ ಕೇಂದ್ರ ವೇತನದಲ್ಲಿ ಅದಕ್ಕೆ ಶೇ. 50 ಅಂಕ, ಶೇ. 75 ಹಾಜರಿ ಬೇಕು. ವೇತನ ತಡವಾಯಿತೆಂದು ಕೂಲಿಗೋ ಅಂಗಡಿಗೋ ಹೋದವರ ಹಾಜರಿ ಕಡಿಮೆಯಾಗುತ್ತದೆ, ಹಾಜರಿ ಕಡಿಮೆಯಾದರೆ ಮುಂದಿನ ವರ್ಷದ ವೇತನ ನಿಲ್ಲುತ್ತದೆ. ಹಣ ಬರುವವರೆಗೆ ಕೈಗಡವೋ ಸಂಘದ ಸಾಲವೋ ಪಡೆದು ತರಗತಿ ತಪ್ಪಿಸದಿರುವುದು ಲೆಕ್ಕದಲ್ಲಿ ಅಗ್ಗ. ಹೇಳುವುದು ಸುಲಭ ಎಂದು ನನಗೂ ಗೊತ್ತು. ಇಂಥ ಮಕ್ಕಳಿಗೆ ಪರೀಕ್ಷಾ ಶುಲ್ಕವನ್ನು ಮುಂಗಡವಾಗಿ ಕೊಡಲು ಕಾಲೇಜಿನಲ್ಲೇ ಸಣ್ಣ ನಿಧಿ ಇಟ್ಟುಕೊಂಡ ಅಧ್ಯಾಪಕರು ಕೆಲವರಿದ್ದಾರೆ. ನಿಮ್ಮ ಕಾಲೇಜಿನಲ್ಲಿ ಅಂಥದ್ದು ಇದೆಯೇ ಎಂದು ಮೊದಲ ತಿಂಗಳಲ್ಲೇ ವಿಚಾರಿಸಿ.

ಕೊನೆಯದಾಗಿ ಅರ್ಜಿ ಸಲ್ಲಿಸಿದ ನಂತರದ ಕೆಲಸ. ಅರ್ಜಿ ಮೊದಲು ಕಾಲೇಜಿನ ಪರಿಶೀಲನೆಗೆ ಬರುತ್ತದೆ. ಅಲ್ಲಿ ಒಪ್ಪಿಗೆ ಬೀಳದೆ ಮುಂದಿನ ಹಂತಕ್ಕೆ ಹೋಗದು. ಲೋಪವಿದ್ದರೆ ತಿದ್ದಲು ಹಿಂದಕ್ಕೆ ಕಳುಹಿಸುತ್ತಾರೆ, ತಿದ್ದುವುದಕ್ಕೂ ಗಡುವಿದೆ. ಆ ಸೂಚನೆ ಹೋಗುವುದು ಅರ್ಜಿಯಲ್ಲಿ ಕೊಟ್ಟ ಮೊಬೈಲಿಗೆ. ಎಷ್ಟೋ ಅರ್ಜಿಗಳಲ್ಲಿ ಅದು ಸೈಬರ್ ಸೆಂಟರಿನವರ ಸಂಖ್ಯೆಯಾಗಿರುತ್ತದೆ. ನಿಮ್ಮದೇ ಸಂಖ್ಯೆ ಕೊಡಿ, ಅರ್ಜಿಯ ಮುದ್ರಿತ ಪ್ರತಿಯನ್ನು ತೆಗೆದಿಡಿ, ಹದಿನೈದು ದಿನಕ್ಕೊಮ್ಮೆ ಕಾಲೇಜಿನ ಕಚೇರಿಗೆ ಹೋಗಿ ನಿಮ್ಮ ಅರ್ಜಿ ಯಾವ ಹಂತದಲ್ಲಿದೆ ಎಂದು ಕೇಳಿ. "ಬರುತ್ತೆ ಹೋಗು" ಎಂದರೆ, ಕಂಪ್ಯೂಟರಿನಲ್ಲಿ ತೆರೆದು ತೋರಿಸಿ ಎಂದು ವಿನಯದಿಂದಲೇ ಹೇಳಿ, ತೋರಿಸುವವರೆಗೆ ಅಲ್ಲೇ ನಿಲ್ಲಿ.